ಸ್ಟೇಟಸ್‌ನಲ್ಲಿರೋ ‘ಛಾವಾ’, ಪುಸ್ತಕದಲ್ಲಿರೋ ಸಂಭಾಜಿ: ಮಲೆನಾಡಿಗೂ ಈ ಕಥೆಗೂ ಏನು ನಂಟು?

ಭಂಡಿಗಡಿ (ಕೊಪ್ಪ): ಅಡಿಕೆ ರೇಟು, ಮಳೆ ಲೆಕ್ಕ, ಕರೆಂಟ್ ಯಾವಾಗ ಬರುತ್ತೆ ಅನ್ನೋ ವಿಚಾರಣೆ. ಊರಿನ ವಾಟ್ಸ್‌ಆ್ಯಪ್ ಗ್ರೂಪ್ ಅಂದ್ರೆ ಹಿಂದೆ ಹೆಚ್ಚೂಕಮ್ಮಿ ಇಷ್ಟೇ. ಈಗ ಅದರ ಮಧ್ಯೆ ಸರಪಳಿಯಲ್ಲಿ ಕಟ್ಟಿಸಿಕೊಂಡು ಗರ್ಜಿಸುವ ಒಬ್ಬ ರಾಜನ ವಿಡಿಯೊ, ಕೆಳಗೆ ಎರಡು ಸಾಲು ಸಿಟ್ಟಿನ ಮಾತು ಬರೋದು ಮಾಮೂಲಾಗಿದೆ. ಆ ರಾಜ ಛತ್ರಪತಿ ಸಂಭಾಜಿ. ಸಿನಿಮಾ ‘ಛಾವಾ’. 2025ರ ಫೆಬ್ರವರಿ 14ಕ್ಕೆ ಥಿಯೇಟರಿಗೆ ಬಂದು, ದೇಶದಲ್ಲೇ 600 ಕೋಟಿ ರೂಪಾಯಿ ದಾಟಿದ ಗಳಿಕೆ ಮಾಡಿ, ಏಪ್ರಿಲ್‌ನಲ್ಲಿ ಮೊಬೈಲಿಗೂ ಇಳಿಯಿತು. ಸಂಭಾಜಿಯ ಹೆಂಡತಿ ಯೇಸುಬಾಯಿ ಪಾತ್ರ ಮಾಡಿದ್ದು ಕೊಡಗಿನ ರಶ್ಮಿಕಾ ಮಂದಣ್ಣ ಆದ್ದರಿಂದ ಈ ಕಡೆ ಕುತೂಹಲ ಇನ್ನೂ ಸ್ವಲ್ಪ ಜಾಸ್ತಿ.

ಸಿನಿಮಾ ನೋಡಿದವರು ಬೇಕಾದಷ್ಟು ಜನ. ಅದರ ಹಿಂದೆ ಒಂದು ದಪ್ಪ ಮರಾಠಿ ಕಾದಂಬರಿ ಇದೆ ಅನ್ನೋದು ಗೊತ್ತಿರೋರು ಕಮ್ಮಿ. ಶಿವಾಜಿ ಸಾವಂತ್ ಬರೆದ ‘ಛಾವಾ’ ಪ್ರಕಟವಾಗಿದ್ದು 1979ರಲ್ಲಿ. ಛಾವಾ ಅಂದ್ರೆ ಮರಿಸಿಂಹ. ಸಿನಿಮಾ ಬಂದ ಒಂದೇ ವಾರಕ್ಕೆ, ಫೆಬ್ರವರಿ 21ರಂದು ದಿಲ್ಲಿಯಲ್ಲಿ ನಡೆದ ಮರಾಠಿ ಸಾಹಿತ್ಯ ಸಮ್ಮೇಳನದಲ್ಲಿ ಪ್ರಧಾನಿ ನರೇಂದ್ರ ಮೋದಿ ಅವರು ಚಿತ್ರವನ್ನು ಹೊಗಳುವಾಗ ಸಾವಂತರ ಕಾದಂಬರಿಯ ಹೆಸರನ್ನೂ ಎತ್ತಿದ್ದರು. ಅದಾಗಿ ಒಂದು ತಿಂಗಳೊಳಗೆ, ಮಾರ್ಚ್ 17ಕ್ಕೆ, ನಾಗಪುರ ಹೊತ್ತಿಕೊಂಡಿತು.

ಖುಲ್ದಾಬಾದ್‌ನಲ್ಲಿರುವ ಔರಂಗಜೇಬನ ಗೋರಿ ತೆಗೀಬೇಕು ಅಂತ ಒಂದು ಪ್ರತಿಭಟನೆ. ಅದರಲ್ಲಿ ಸುಟ್ಟ ಬಟ್ಟೆಯ ಮೇಲೆ ಧರ್ಮಗ್ರಂಥದ ಸಾಲು ಇತ್ತು ಅಂತ ಒಂದು ಗಾಳಿಸುದ್ದಿ. ಸಂಜೆಯಾಗೋದರೊಳಗೆ ಕಲ್ಲು, ಬೆಂಕಿ. ಹಲವು ಠಾಣೆಗಳ ವ್ಯಾಪ್ತಿಯಲ್ಲಿ ಕರ್ಫ್ಯೂ ಹಾಕಿದರು, ಗಾಯಗೊಂಡಿದ್ದ ಒಬ್ಬರು ಆಸ್ಪತ್ರೆಯಲ್ಲಿ ತೀರಿಕೊಂಡರು. ಔರಂಗಜೇಬನ ಮೇಲೆ ಜನರ ಸಿಟ್ಟು ಮೇಲೆ ಬರೋದಕ್ಕೆ ‘ಛಾವಾ’ ಸಿನಿಮಾವೂ ಕಾರಣ ಅಂತ ಮುಖ್ಯಮಂತ್ರಿ ದೇವೇಂದ್ರ ಫಡಣವೀಸ್ ವಿಧಾನಸಭೆಯಲ್ಲೇ ಹೇಳಿದರು. ಕರ್ಫ್ಯೂ ಇದ್ದಷ್ಟು ದಿನ ಬಾಗಿಲು ಎಳೆದುಕೊಂಡು ಕೂತವರಲ್ಲಿ ಎಲ್ಲ ಜಾತಿ, ಎಲ್ಲ ಧರ್ಮದ ಅಂಗಡಿಯವರೂ ಇದ್ದರು. ಸತ್ತು 300 ವರ್ಷ ದಾಟಿದ ಇಬ್ಬರು ದೊರೆಗಳ ಜಗಳಕ್ಕೆ ದಿನದ ವ್ಯಾಪಾರ ಕಳೆದುಕೊಂಡವರು ಇವರು.

ಅಷ್ಟಕ್ಕೂ ನಾಗಪುರ ದೂರ ಆಯಿತು. ಕೊಲ್ಹಾಪುರ ಹತ್ತಿರದ್ದೇ, ಬೆಳಗಾವಿ ದಾಟಿದರೆ ಸಿಗುತ್ತೆ. ಕಾದಂಬರಿಕಾರ ಸಾವಂತ್ ಹುಟ್ಟಿದ ಆಜರಾ ಇರೋದು ಅದೇ ಜಿಲ್ಲೆಯಲ್ಲಿ. 2023ರ ಜೂನ್‌ನಲ್ಲಿ ಅಲ್ಲಿ ಟಿಪ್ಪು ಚಿತ್ರದ ಜತೆ ಆಕ್ಷೇಪಾರ್ಹ ಮಾತು ಸೇರಿಸಿ ಯಾರೋ ಹಾಕಿದ ಸ್ಟೇಟಸ್ ಮೇಲೆ ಬಂದ್, ಕಲ್ಲುತೂರಾಟ, ಲಾಠಿ ಏಟು, ಇಂಟರ್‌ನೆಟ್ ಬಂದ್ ಎಲ್ಲ ಆಯಿತು. 24 ಗಂಟೆಯಲ್ಲಿ ತಾನಾಗೇ ಅಳಿಸಿ ಹೋಗೋ ಸ್ಟೇಟಸ್ಸಿಗೆ ಇಷ್ಟೆಲ್ಲ. ಹಾಗಾಗಿ ಯಾರು ಈ ಸಂಭಾಜಿ, ಕಾದಂಬರಿ ಅವನ ಬಗ್ಗೆ ಹೇಳಿದ್ದೇನು, ಸಿನಿಮಾ ಬಿಟ್ಟಿದ್ದೇನು ಅಂತ ಒಮ್ಮೆ ನೋಡೋದು ಒಳ್ಳೆಯದು. ಈ ಕಥೆಯ ಕೆಲವು ಮುಖ್ಯ ತಿರುವು ನಡೆದಿದ್ದು ಕರ್ನಾಟಕದಲ್ಲಿ. ಅದರಲ್ಲೊಂದು ಕೊಪ್ಪ–ಶೃಂಗೇರಿ ಸೀಮೆ ಆಗ ಯಾರ ಆಳ್ವಿಕೆಯಲ್ಲಿತ್ತೋ ಅವರ ರಾಜಧಾನಿಯಲ್ಲೇ.

ಹೆಸರು ಕೆಟ್ಟಿದ್ದ ರಾಜಕುಮಾರ

ಇವತ್ತು ಸಂಭಾಜಿ ಅಂದ್ರೆ ಧರ್ಮವೀರ. ನೂರು ವರ್ಷದ ಹಿಂದೆ ಮರಾಠಿಯಲ್ಲೇ ಹಾಗಿರಲಿಲ್ಲ. ಕುಡುಕ, ಸ್ತ್ರೀಲೋಲ, ಅಪ್ಪ ಕಟ್ಟಿದ್ದನ್ನು ಹಾಳು ಮಾಡಿದವನು ಅಂತಲೇ ನಾಟಕಗಳಲ್ಲಿ ಬರುತ್ತಿದ್ದ. ದೊಡ್ಡ ನಾಟಕಕಾರ ರಾಮ ಗಣೇಶ ಗಡಕರಿ ಬರೆಯುತ್ತಾ ಅರ್ಧಕ್ಕೆ ಬಿಟ್ಟುಹೋದ ‘ರಾಜಸಂನ್ಯಾಸ’ದಲ್ಲಿ ಇರೋದೂ ಅಂಥ ಸಂಭಾಜಿಯೇ. ಗಡಕರಿ ತೀರಿಕೊಂಡಿದ್ದು 1919ರಲ್ಲಿ. ಅದಾಗಿ ಸುಮಾರು 98 ವರ್ಷಕ್ಕೆ, 2017ರ ಜನವರಿಯಲ್ಲಿ, ಪುಣೆಯ ಸಂಭಾಜಿ ಉದ್ಯಾನದಲ್ಲಿದ್ದ ಅವರ ಪ್ರತಿಮೆಯನ್ನು ಕಿತ್ತು ಮುಠಾ ನದಿಗೆ ಎಸೆದರು.

ಈ ಕೆಟ್ಟ ಹೆಸರು ಎಲ್ಲಿಂದ ಬಂತು ಅನ್ನೋದಕ್ಕೆ ಒಂದು ಲೆಕ್ಕ ಇದೆ. 1681ರಲ್ಲಿ, ಪಟ್ಟಕ್ಕೆ ಬಂದ ಹೊಸದರಲ್ಲಿ, ಪಿತೂರಿ ಮಾಡಿದರು ಅಂತ ಅಪ್ಪನ ಕಾಲದ ಮಂತ್ರಿಗಳನ್ನೇ ಸಂಭಾಜಿ ಕೊಲ್ಲಿಸಿದ. ಅದರಲ್ಲಿ ಶಿವಾಜಿಯ ಪತ್ರವ್ಯವಹಾರ ನೋಡಿಕೊಳ್ಳುತ್ತಿದ್ದ ಬಾಳಾಜಿ ಆವಜಿ ಚಿಟ್ನೀಸ್ ಕೂಡ ಒಬ್ಬ. ನೂರಿಪ್ಪತ್ತು ಚಿಲ್ಲರೆ ವರ್ಷ ಕಳೆದ ಮೇಲೆ, ಬಹಳ ಜನ ಓದಿದ ಬಖರು ಬರೆದವನು ಮಲ್ಹಾರ ರಾಮರಾವ್ ಚಿಟ್ನೀಸ್, ಅದೇ ಮನೆತನದ ಕುಡಿ. ಬಖರು ಅಂದ್ರೆ ಆಗಿನ ಕಾಲದ ಚರಿತ್ರೆ ಬರಹ. ಮುತ್ತಜ್ಜನನ್ನು ಕೊಲ್ಲಿಸಿದವನ ಬಗ್ಗೆ ಆ ಮನೆಯವನು ಒಳ್ಳೇದು ಬರೆದಾನೆಯೇ? ಊರಿನ ಜಾಗದ ತಕರಾರಿನಲ್ಲಿ ಎದುರು ಪಾರ್ಟಿ ಬರೆಸಿದ ಅರ್ಜಿ ಓದಿದ ಹಾಗೆ ಇದನ್ನೂ ಓದಬೇಕು. ಪೂರ್ತಿ ಸುಳ್ಳು ಅಂತಲೂ ಅಲ್ಲ, ಪೂರ್ತಿ ನಂಬೋ ಹಾಗೂ ಇಲ್ಲ.

1960ರಲ್ಲಿ ಇತಿಹಾಸಕಾರ ವಾ.ಸೀ. ಬೇಂದ್ರೆ ಹಳೇ ಕಾಗದಪತ್ರ ಜಾಲಾಡಿ ಸಂಭಾಜಿಯ ಚರಿತ್ರೆ ಬರೆದರು. ಆಮೇಲೆ ಕಮಲ ಗೋಖಲೆ ಅವರ ಸಂಶೋಧನೆ ಬಂತು. ಕುಡುಕ ಅಂತ ಹೇಳಿಸಿಕೊಂಡವನು ‘ಬುಧಭೂಷಣ’ ಅಂತ ಸಂಸ್ಕೃತ ಗ್ರಂಥ ಬರೆದ ಓದುಗ, ಒಂಬತ್ತು ವರ್ಷ ಮೊಘಲರ ದೊಡ್ಡ ಸೈನ್ಯವನ್ನು ತಡೆದು ನಿಲ್ಲಿಸಿದವನು ಅನ್ನೋದು ಜನಕ್ಕೆ ಗೊತ್ತಾಗತೊಡಗಿತು. ಈ ಗಾಳಿ ಬೀಸುತ್ತಿದ್ದಾಗಲೇ ಸಾವಂತರ ಕಾದಂಬರಿ ಬಂದಿದ್ದು. ಅದಕ್ಕೂ ಮೊದಲು, 1967ರಲ್ಲಿ, ‘ಮೃತ್ಯುಂಜಯ’ ಅಂತ ಕರ್ಣನ ಮೇಲೆ ಬರೆದು ಅವರು ಮನೆಮಾತಾಗಿದ್ದರು. ತಪ್ಪು ಪಕ್ಷದಲ್ಲಿ ನಿಂತ ಒಳ್ಳೆಯವನ ಸಂಕಟ ಅವರಿಗೆ ಹಿಡಿಸಿದ ವಿಷಯ. ಕರ್ಣ ಆದ ಮೇಲೆ ಸಂಭಾಜಿಗೆ ಬಂದಿದ್ದರಲ್ಲಿ ಆಶ್ಚರ್ಯ ಏನೂ ಇಲ್ಲ.

ಅಥಣಿಯಲ್ಲಿ ಆಗಿದ್ದೇನು

ಇಲ್ಲಿದೆ ಕಥೆಯ ಮುಳ್ಳು. 1678ರ ಡಿಸೆಂಬರ್‌ನಲ್ಲಿ, ಶಿವಾಜಿ ಇನ್ನೂ ಬದುಕಿದ್ದಾಗಲೇ, 21 ವರ್ಷದ ಸಂಭಾಜಿ ಮನೆ ಬಿಟ್ಟು ಮೊಘಲ್ ಸರದಾರ ದಿಲೇರ್ ಖಾನನ ಪಾಳೆಯ ಸೇರಿಕೊಂಡ. ಮಲತಾಯಿ ಸೋಯರಾಬಾಯಿ ಕಡೆಯವರ ಕಿರಿಕಿರಿ, ಮಂತ್ರಿಗಳ ಜತೆ ಬಿಗುವು, ಉತ್ತರಾಧಿಕಾರದ ಜಗಳ ಅಂತ ಕಾರಣ ಏನೇ ಹೇಳಲಿ, ಅಪ್ಪನ ವೈರಿ ಜತೆ ಹೋಗಿದ್ದು ಹೌದು. ಮುಂದಿನ ವರ್ಷ ಏಪ್ರಿಲ್‌ನಲ್ಲಿ ದಿಲೇರ್ ಖಾನ್ ಈಗಿನ ಸಾಂಗ್ಲಿ ಜಿಲ್ಲೆಯಲ್ಲಿರುವ ಶಿವಾಜಿಯ ಭೂಪಾಲಗಡದ ಮೇಲೆ ಬಿದ್ದಾಗ ಸಂಭಾಜಿ ಅವನ ಜತೆಗಿದ್ದ. ಕೋಟೆ ಸೋತ ಮೇಲೆ ಬದುಕುಳಿದ ಸುಮಾರು 700 ಜನರ ಒಂದೊಂದು ಕೈ ಕತ್ತರಿಸಿದರು ಅಂತ ಇತಿಹಾಸ ಹೇಳುತ್ತೆ. ಕತ್ತರಿಸಿದ್ದು ಖಾನನ ಆಜ್ಞೆ. ಆದರೆ ಯುವರಾಜ ಆ ಕಡೆ ಇದ್ದ.

ಆಮೇಲೆ ದಿಲೇರ್ ಖಾನ್ ಬಿಜಾಪುರದ ಸೀಮೆಗೆ ನುಗ್ಗಿ ಊರೂರು ಸುಲಿಯುತ್ತಾ ಅಥಣಿಗೆ ಬಂದ. ಈಗಿನ ಬೆಳಗಾವಿ ಜಿಲ್ಲೆಯ ಅದೇ ಅಥಣಿ. ಆಗಲೂ ದೊಡ್ಡ ವ್ಯಾಪಾರದ ಪೇಟೆ. ಪೇಟೆ ಕೊಳ್ಳೆ ಹೊಡೆದು, ಊರ ಜನರನ್ನೇ ಗುಲಾಮರನ್ನಾಗಿ ಮಾರುವ ಮಾತು ಬಂದಾಗ ಸಂಭಾಜಿ ಬೇಡ ಅಂದ. ಅವನ ಮಾತು ನಡೆಯಲಿಲ್ಲ. ಕೆಲವೇ ದಿನದಲ್ಲಿ, 1679ರ ನವೆಂಬರ್‌ನಲ್ಲಿ, ಹೆಂಡತಿ ಯೇಸುಬಾಯಿಯನ್ನು ಕರಕೊಂಡು ವೇಷ ಮರೆಸಿ ಬಿಜಾಪುರಕ್ಕೆ ತಪ್ಪಿಸಿಕೊಂಡು, ಅಲ್ಲಿಂದ ಪನ್ಹಾಳಾ ಕೋಟೆಗೆ ಹೋಗಿ ಅಪ್ಪನ ಎದುರು ನಿಂತ.

ಒಬ್ಬ ಮನುಷ್ಯ ತಪ್ಪು ಮಾಡಿ, ಅದರ ಬೆಲೆ ಬೇರೆಯವರ ಕೈ ಕತ್ತರಿಸಿದ್ದರಲ್ಲಿ ನೋಡಿ, ಒಂದು ಪೇಟೆಯ ಜನ ಬೀದಿಪಾಲಾಗೋದು ಕಂಡು ತಿರುಗಿ ಬಂದ. ಹತ್ತು ವರ್ಷ ಆದ ಮೇಲೆ ಅದೇ ಮೊಘಲರ ಕೈಗೆ ಸಂಗಮೇಶ್ವರದಲ್ಲಿ ಸಿಕ್ಕಿಬಿದ್ದು, ಚಿತ್ರಹಿಂಸೆ ಅನುಭವಿಸಿ 1689ರ ಮಾರ್ಚ್ 11ರಂದು ಸತ್ತ. ಆಗ ವಯಸ್ಸು 31. ಮೊದಲಿನದ್ದು ಇದ್ದರೇ ಕೊನೆಯದಕ್ಕೆ ತೂಕ. ಒಮ್ಮೆ ಆ ಪಾಳೆಯಕ್ಕೆ ಹೋಗಿ ಬಂದವನು ಎರಡನೇ ಸಲ ಬಗ್ಗಲಿಲ್ಲ ಅನ್ನೋದರಲ್ಲೇ ಅವನ ಸಾವಿನ ದೊಡ್ಡಸ್ತಿಕೆ ಇರೋದು. ಸಾವಂತರ ಕಾದಂಬರಿ ಬಾಲ್ಯದಿಂದ ಹಿಡಿದು ಈ ದಾರಿ ಪೂರ್ತಿ ನಡೆಯುತ್ತೆ. ನಾಯಕನ ಪರ ಅದಕ್ಕೆ ಮಮತೆ ಜಾಸ್ತಿ ಅನ್ನೋ ಆರೋಪ ಇದೆ, ಅದು ಸುಳ್ಳಲ್ಲ. ಆದರೂ ದಿಲೇರ್ ಖಾನನ ಪಾಳೆಯವನ್ನು ಪುಸ್ತಕ ಜಿಗಿದು ಹೋಗಲ್ಲ.

ಸಿನಿಮಾ ಜಿಗಿದಿದೆ. ಅದು ಶುರುವಾಗೋದೇ ಶಿವಾಜಿ ತೀರಿಕೊಂಡ ಮೇಲೆ, ಬುರ್ಹಾನ್‌ಪುರದ ದಾಳಿಯಿಂದ. ಭೂಪಾಲಗಡದ ಕೈಗಳೂ ಇಲ್ಲ, ಅಥಣಿ ಪೇಟೆಯೂ ಇಲ್ಲ. ಎರಡೂವರೆ ತಾಸಿನಲ್ಲಿ ಎಲ್ಲ ಹಿಡಿಸಲ್ಲ ಅನ್ನಬಹುದು. ಆದರೆ ಬಿಟ್ಟಿದ್ದು ಯಾವುದು ಅನ್ನೋದರಲ್ಲೇ ವಿಷಯ ಇದೆ.

ಹಾಗೆ ನೋಡಿದರೆ ತಯಾರಕರನ್ನೇ ಪೂರ್ತಿ ದೂರೋ ಹಾಗಿಲ್ಲ. ಬಿಡುಗಡೆಗೆ ಮೊದಲು ಟ್ರೇಲರ್‌ನಲ್ಲಿ ಸಂಭಾಜಿ ಲೆಜಿಮ್ ಹಿಡಿದು ಕುಣಿಯೋ ದೃಶ್ಯ ಇತ್ತು. ಲೆಜಿಮ್ ಮಹಾರಾಷ್ಟ್ರದ ಜನರದ್ದೇ ಕುಣಿತ, ಉತ್ತರ ಕರ್ನಾಟಕದ ಶಾಲೆಗಳಲ್ಲೂ ಮಕ್ಕಳು ಆಡ್ತಾರೆ. ರಾಜ ಕುಣಿಯೋದಾ ಅಂತ ಗಲಾಟೆ ಎದ್ದು ದೃಶ್ಯವನ್ನೇ ತೆಗೆದರು. ಕುಣಿತಕ್ಕೇ ಜಾಗ ಇಲ್ಲ ಅಂದ ಮೇಲೆ ಪಕ್ಷಾಂತರಕ್ಕೆ ಎಲ್ಲಿಂದ ಬರಬೇಕು? ಬಿಡುಗಡೆ ಆದ ಮೇಲೆ ಇನ್ನೊಂದು ತಕರಾರು. ಸಂಭಾಜಿಯನ್ನು ಹಿಡಿದುಕೊಟ್ಟವರು ಯೇಸುಬಾಯಿಯ ತವರಿನವರಾದ ಶಿರ್ಕೆಗಳು ಅಂತ ತೋರಿಸಿದ್ದಕ್ಕೆ ಆ ವಂಶದವರು 100 ಕೋಟಿ ಮಾನನಷ್ಟ ದಾವೆ ಹಾಕ್ತೀವಿ ಅಂದರು. ನಿರ್ದೇಶಕ ಲಕ್ಷ್ಮಣ್ ಉತೇಕರ್ ಕ್ಷಮೆ ಕೇಳಿದರು. ನಾಯಕನ ತಪ್ಪೆಲ್ಲ ಒರೆಸಿದ ಮೇಲೆ ಅವನ ಸೋಲಿಗೆ ಒಬ್ಬ ದ್ರೋಹಿ ಬೇಕೇ ಬೇಕಲ್ಲ. ಒಂದು ಸಲ ಮನೆಯೊಳಗಿನವರು, ಇನ್ನೊಂದು ಸಲ ಪಕ್ಕದ ಬೀದಿಯವರು.

ಸಿನಿಮಾವನ್ನು ಚರಿತ್ರೆ ಅಂತ ನಂಬಿದರೆ ಎಲ್ಲಿಗೆ ಹೋಗಿ ಮುಟ್ಟುತ್ತೆ ಅನ್ನೋದಕ್ಕೆ ಮಧ್ಯಪ್ರದೇಶದ ಒಂದು ಸುದ್ದಿ ಸಾಕು. ಮೊಘಲರ ಖಜಾನೆ ಬುರ್ಹಾನ್‌ಪುರದಲ್ಲಿತ್ತು ಅಂತ ಪರದೆ ಮೇಲೆ ನೋಡಿದ ಸುತ್ತಲಿನ ಜನ, ಅಸೀರ್‌ಗಡ ಕೋಟೆ ಹತ್ತಿರದ ಹೊಲಗಳಲ್ಲಿ ರಾತ್ರಿ ಟಾರ್ಚ್, ಮೆಟಲ್ ಡಿಟೆಕ್ಟರ್ ಹಿಡಕೊಂಡು ಚಿನ್ನಕ್ಕೆ ಗುಂಡಿ ತೋಡಿದರು. ಪೊಲೀಸರು ಹೋಗಿ ಓಡಿಸಬೇಕಾಯಿತು.

ಬಸ್ರೂರು ಕೊಳ್ಳೆ, ಬಿದನೂರಿನ ಆಶ್ರಯ

ಸಂಭಾಜಿ ಸಾಯೋದರೊಂದಿಗೆ ಸಿನಿಮಾ ಮುಗಿಯುತ್ತೆ. ಮಲೆನಾಡಿನ ಪಾಲು ಶುರುವಾಗೋದು ಅಲ್ಲಿಂದ.

ಕೊಪ್ಪ, ಶೃಂಗೇರಿ ಸೀಮೆ ಆಗ ಕೆಳದಿ ಅರಸರದ್ದು. ರಾಜಧಾನಿ ಬಿದನೂರು, ಅಂದ್ರೆ ಈಗಿನ ಹೊಸನಗರ ತಾಲೂಕಿನ ನಗರ. ಮೆಣಸು, ಅಕ್ಕಿ ಘಟ್ಟ ಇಳಿದು ಕುಂದಾಪುರ ಹತ್ತಿರದ ಬಸ್ರೂರು ಬಂದರಿನಿಂದ ಹಡಗು ಹತ್ತುತ್ತಿತ್ತು. 1665ರ ಫೆಬ್ರವರಿಯಲ್ಲಿ ಶಿವಾಜಿ ಸಮುದ್ರದ ಮೇಲೆ ಬಂದು ಇದೇ ಬಸ್ರೂರನ್ನು ಸುಲಿದು ಹೋದ. ಆಗ ಬಿದನೂರಿನಲ್ಲಿ ಆಳುತ್ತಿದ್ದವನು ಸೋಮಶೇಖರ ನಾಯಕ. ಅವನ ಹೆಂಡತಿ ಚೆನ್ನಮ್ಮ. ಸೋಮಶೇಖರನೂ ಅಷ್ಟೇ, ಚೆನ್ನಾಗಿ ಆಳುತ್ತಿದ್ದವನು ದಾರಿ ತಪ್ಪಿ, ಬುದ್ಧಿ ಕೆಟ್ಟು, ಕೊಲೆಯಾಗಿ ಹೋದ. ಆಮೇಲೆ ಸುಮಾರು 25 ವರ್ಷ ರಾಜ್ಯ ನಡೆಸಿದ್ದು ಚೆನ್ನಮ್ಮ.

1689ರಲ್ಲಿ ಸಂಭಾಜಿ ಸತ್ತು, ರಾಯಗಡಕ್ಕೆ ಮೊಘಲರು ಮುತ್ತಿಗೆ ಹಾಕಿದಾಗ ಅವನ ತಮ್ಮ, 19 ವರ್ಷದ ರಾಜಾರಾಮ ವೇಷ ಮರೆಸಿಕೊಂಡು ದಕ್ಷಿಣಕ್ಕೆ ಓಡಿದ. ಗುರಿ ತಮಿಳುನಾಡಿನ ಜಿಂಜಿ ಕೋಟೆ. ದಾರಿ ಇದ್ದಿದ್ದು ಕೆಳದಿ ಸೀಮೆಯ ಕಾಡಿನಲ್ಲಿ. ಹಿಂದೆ ಔರಂಗಜೇಬನ ದಂಡು. ಹಿಡಿದುಕೊಟ್ಟಿದ್ದರೆ ಬಾದಶಹನ ಕೃಪೆ, ಕೊಡದಿದ್ದರೆ ಅವನ ಸಿಟ್ಟು. ಬಂದವನು ಬೇರೆ ತನ್ನ ಬಂದರು ಸುಲಿದವನ ಮಗ. ಚೆನ್ನಮ್ಮ ಅವನಿಗೆ ಆಶ್ರಯ ಕೊಟ್ಟು, ಮುಂದೆ ದಾಟಿಸಿದಳು. ಮೊಘಲ್ ಸೈನ್ಯ ಬಂತು, ಕಾಳಗ ಆಯಿತು. ಅವರು ಹಿಮ್ಮೆಟ್ಟಿದರು ಅಂತ ಕೆಳದಿ ಕಡೆಯ ಬರಹ, ರಾಣಿ ದಂಡ ಕಟ್ಟಿ ರಾಜಿ ಆದಳು ಅಂತ ಮೊಘಲ್ ಕಡೆಯ ಬರಹ. ಎರಡರಲ್ಲೂ ಒಂದು ಮಾತು ಸಮ: ರಾಜಾರಾಮ ಅವರ ಕೈಗೆ ಸಿಗಲಿಲ್ಲ.

ಬೆಂಗಳೂರಿನಲ್ಲಿ ಈ ಗುಂಪಿನ ಮೇಲೆ ಸಂಶಯ ಬಂದಾಗ, ರಾಜಾರಾಮನನ್ನು ಮುಂದೆ ಕಳಿಸಿ ತಾವು ಹಿಂದೆ ಉಳಿದು ಹೊಡೆತ ತಿಂದು ಬಾಯಿ ಬಿಡದವರಲ್ಲಿ ಖಂಡೋ ಬಲ್ಲಾಳ ಒಬ್ಬ. ಇವನು ಯಾರು ಅಂದ್ರೆ, ಸಂಭಾಜಿ ಕೊಲ್ಲಿಸಿದ್ದ ಬಾಳಾಜಿ ಆವಜಿಯ ಮಗ! ಅಪ್ಪನನ್ನು ಕೊಂದವನ ತಮ್ಮನಿಗಾಗಿ ಮೈ ಒಡ್ಡಿದ. ಸಿನಿಮಾ ಮಾಡೋದಾದರೆ ಇದನ್ನು ಮಾಡಬೇಕು. ಆದರೆ ಸಂಭಾಜಿಯ ತಪ್ಪನ್ನು ಮೊದಲು ತೋರಿಸದೆ ಖಂಡೋ ಬಲ್ಲಾಳನ ದೊಡ್ಡತನ ತೋರಿಸೋದು ಹೇಗೆ?

ಶೃಂಗೇರಿಯ ಕಾಗದಗಳು

ಮರಾಠರು ಅಂದ್ರೆ ಬರೀ ರಕ್ಷಕರು ಅಂತ ಸ್ಟೇಟಸ್ ಹಾಕೋರಿಗೆ ಇನ್ನೊಂದು ವಿಷಯ ಕೊಪ್ಪದಿಂದ ಒಂದು ಬಸ್ಸಿನ ದೂರದಲ್ಲೇ ಇದೆ. ಚೆನ್ನಮ್ಮನ ಕಾಲ ಕಳೆದು ನೂರು ವರ್ಷ ಆಗಿತ್ತು. ಕೆಳದಿ 1763ರಲ್ಲಿ ಹೈದರ್ ಅಲಿ ಪಾಲಾಗಿತ್ತು. 1791ರಲ್ಲಿ ಟಿಪ್ಪು ಮೇಲೆ ಇಂಗ್ಲಿಷರು, ನಿಜಾಮ, ಮರಾಠರು ಒಟ್ಟಾಗಿ ಬಿದ್ದಾಗ, ಪಟವರ್ಧನ್ ಸರದಾರರ ಸೈನ್ಯದ ಜತೆಗಿದ್ದ ಪಿಂಡಾರಿ, ಲಮಾಣಿ ಗುಂಪುಗಳು ಶೃಂಗೇರಿ ಮಠಕ್ಕೆ ನುಗ್ಗಿ ಕೊಳ್ಳೆ ಹೊಡೆದವು. ಜನ ಸತ್ತರು, ಶಾರದಾ ವಿಗ್ರಹಕ್ಕೇ ಅಪಚಾರ ಆಯಿತು, ಗುರುಗಳು ಕಾರ್ಕಳಕ್ಕೆ ಹೋಗಿ ಉಳಿಯಬೇಕಾಯಿತು. ದಂಡು ಕಳಿಸಿದ ಪೇಶ್ವೆಗಳೂ, ಸರದಾರರೂ ಮಠವನ್ನು ಗೌರವಿಸೋ ಮನೆತನದವರೇ. ಆದರೂ ಆಗಿದ್ದು ಆಯಿತು.

ಮರುಪ್ರತಿಷ್ಠೆಗೆ ಹಣ, ಧಾನ್ಯ ಕಳಿಸಿದ್ದು ಟಿಪ್ಪು. ಅವನು ಗುರುಗಳಿಗೆ ಕನ್ನಡದಲ್ಲಿ ಬರೆದ ಕಾಗದಗಳನ್ನು 1916ರಲ್ಲಿ ಮಠದ ಕಡತದಲ್ಲಿ ಗುರುತಿಸಿದವರು ಮೈಸೂರು ಪುರಾತತ್ವ ಇಲಾಖೆಯ ಆರ್. ನರಸಿಂಹಾಚಾರ್ಯರು. ಅದೇ ಟಿಪ್ಪು ಕೊಡಗಿನಲ್ಲಿ, ಮಲಬಾರಿನಲ್ಲಿ ಮಾಡಿದ್ದು ಏನು ಅನ್ನೋದನ್ನು ಆ ಕಡೆಯ ಜನ ಇವತ್ತಿಗೂ ಮರೆತಿಲ್ಲ. ಇಲ್ಲಿ ವಿಗ್ರಹಕ್ಕೆ ಕಾಣಿಕೆ, ಅಲ್ಲಿ ಬಲವಂತದ ಮತಾಂತರ, ಸೆರೆ. ಎರಡೂ ಒಬ್ಬನದೇ ಕೆಲಸ. ಸರ್ಕಾರ 2015ರಲ್ಲಿ ಟಿಪ್ಪು ಜಯಂತಿ ಶುರು ಮಾಡಿದಾಗ ಮಡಿಕೇರಿಯಲ್ಲಿ ಪ್ರಾಣಹಾನಿ ಆಯಿತು, 2019ರಲ್ಲಿ ಇನ್ನೊಂದು ಸರ್ಕಾರ ಅದನ್ನು ರದ್ದು ಮಾಡಿತು. ಮಾಡಿದವರಿಗೆ ಒಂದು ಟಿಪ್ಪು ಬೇಕಿತ್ತು, ಬಿಟ್ಟವರಿಗೆ ಇನ್ನೊಂದು ಟಿಪ್ಪು. ಶೃಂಗೇರಿಯ ಕಾಗದದಲ್ಲಿರೋದು ಇವರಿಬ್ಬರಿಗೂ ಪೂರ್ತಿ ಅನುಕೂಲ ಆಗೋ ಟಿಪ್ಪು ಅಲ್ಲ.

ಕನ್ನಡ ಓದುಗರಿಗೆ ಇಂಥ ದೊರೆ ಹೊಸಬನೂ ಅಲ್ಲ. ತ.ರಾ.ಸು. ಅವರ ‘ದುರ್ಗಾಸ್ತಮಾನ’ ಬಂದಿದ್ದು 1982ರಲ್ಲಿ, ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದಿದ್ದು 1985ರಲ್ಲಿ, ಲೇಖಕರು ತೀರಿಕೊಂಡ ಮೇಲೆ. ಚಿತ್ರದುರ್ಗದ ಕೊನೆಯ ಮದಕರಿ ನಾಯಕ ಅದರಲ್ಲಿ ಶೂರ, ಹಟಮಾರಿ ಎರಡೂ ಹೌದು. 1779ರಲ್ಲಿ ದುರ್ಗ ಬಿದ್ದಿದ್ದಕ್ಕೆ ಬರೀ ಹೈದರನನ್ನು ದೂರಿ ಕೈ ತೊಳೆದುಕೊಳ್ಳೋ ಪುಸ್ತಕ ಅದಲ್ಲ. ಅದನ್ನು ಓದಿ ಯಾರೂ ಮದಕರಿಯನ್ನು ಬಿಟ್ಟುಕೊಟ್ಟಿಲ್ಲ, ಚಿತ್ರದುರ್ಗದವರಂತೂ ಮೊದಲೇ ಇಲ್ಲ. ‘ಛಾವಾ’ ಕಾದಂಬರಿಯ ಓದುಗರೂ ಹಾಗೆಯೇ, ದಿಲೇರ್ ಖಾನನ ಪಾಳೆಯದ ವಿಷಯ ಓದಿಕೊಂಡೇ 40 ವರ್ಷದಿಂದ ಸಂಭಾಜಿಯನ್ನು ಹೊತ್ತುಕೊಂಡಿದ್ದಾರೆ. ತಪ್ಪು ಹೇಳಿದರೆ ಜನ ಸಹಿಸಲ್ಲ ಅನ್ನೋದು ಸಿನಿಮಾದವರ ಮತ್ತು ರಾಜಕೀಯದವರ ಲೆಕ್ಕಾಚಾರ.

ಈ ಕಥೆಯ ಮಲೆನಾಡ ಪಾಲನ್ನು ಕಣ್ಣಾರೆ ನೋಡಬೇಕು ಅಂದ್ರೆ ಕೊಪ್ಪದಿಂದ ತೀರ್ಥಹಳ್ಳಿ ಮೇಲೆ ಒಂದೇ ದಿನದಲ್ಲಿ ನಗರದ ಕೋಟೆಗೆ ಹೋಗಿ ಬರಬಹುದು. ಸಾಗರ ಹತ್ತಿರದ ಕೆಳದಿಯಲ್ಲಿ ಓಲೆಗರಿ, ಹಳೇ ಕಾಗದ ಇಟ್ಟಿರುವ ಮ್ಯೂಸಿಯಂ ಕೂಡ ಇದೆ. ಮಳೆಗಾಲದಲ್ಲಿ ನಗರದ ಕೋಟೆ ಮೆಟ್ಟಿಲು ಜಾರುತ್ತೆ, ಮಕ್ಕಳನ್ನು ಕರಕೊಂಡು ಹೋಗೋರು ಮಳೆ ಬಿಟ್ಟ ಮೇಲೆ ಹೊರಡೋದು ಒಳ್ಳೆಯದು.